ಸೂಜಿಗಲ್ಲು ಬೇಡ, ಬೆಂಚು ಸಾಕು

ಕಲ್ಪಿತ ಲೋಕಗಳ ಕಥೆಗಳಲ್ಲಿ ಬರುವ ವಿಜ್ಞಾನವನ್ನು ಹಗುರವಾಗಿ ಕಾಣುವವರು ನಮ್ಮ ಓದುಗ ಬಳಗದಲ್ಲಿ ಹಲವರಿದ್ದಾರೆ. ಮಂತ್ರಕ್ಕೆ ಯಂತ್ರದ ಹೆಸರಿಟ್ಟ ಮಾತ್ರಕ್ಕೆ ಅದು ವಿಜ್ಞಾನವಾದೀತೆ ಎಂಬುದು ಅವರ ಪ್ರಶ್ನೆ. ಪ್ರಶ್ನೆ ನ್ಯಾಯವಾದದ್ದೇ. ಆದರೂ ಅಂಥ ಸಿದ್ಧಾಂತವೊಂದನ್ನು ತೂಗುವಾಗ, ಕೃತಿಯು ಅದನ್ನು ಯಾರ ಕೈಗೆ ಕೊಡುತ್ತದೆ, ಯಾರಿಗೆ ಕೊಡಲೊಲ್ಲದು ಎಂಬುದನ್ನು ಮೊದಲು ನೋಡಬೇಕೆಂದು ನಾವು ಭಾವಿಸುತ್ತೇವೆ.

ಫಿಲಿಪ್ ಪುಲ್‌ಮನ್ನರ 'ಹಿಸ್ ಡಾರ್ಕ್ ಮೆಟೀರಿಯಲ್ಸ್' ಕಾದಂಬರಿತ್ರಯದ ಕೊನೆಯ ಸಂಪುಟ 'ದಿ ಆಂಬರ್ ಸ್ಪೈಗ್ಲಾಸ್' 2000ದಲ್ಲಿ ಪ್ರಕಟವಾಯಿತು. ಅದರಲ್ಲಿ ಗೇಣುದ್ದದ ಗೂಢಚಾರರು ಬರುತ್ತಾರೆ. ಅವರ ಬಳಿ ಒಂದು ಉಪಕರಣವಿದೆ: ಒಂದು ಸೂಜಿಗಲ್ಲಿನ ಕಣಗಳನ್ನೆಲ್ಲ ಪರಸ್ಪರ ಹೆಣೆದು, ಆಮೇಲೆ ಕಲ್ಲನ್ನು ಎರಡಾಗಿ ಸೀಳಿ, ಒಂದನ್ನು ತಾವಿಟ್ಟುಕೊಂಡು ಇನ್ನೊಂದನ್ನು ತಮ್ಮ ದಳಪತಿಗೆ ಕೊಟ್ಟಿರುತ್ತಾರೆ. ಇಲ್ಲಿನ ಕಲ್ಲಿನ ಮೇಲೆ ಪಿಟೀಲಿನ ಕಮಾನಿನಂತಹ ಪುಟ್ಟ ಕಡ್ಡಿಯನ್ನಾಡಿಸಿದರೆ ಅಲ್ಲಿನ ಕಲ್ಲು ಅದೇ ನಾದವನ್ನು ನುಡಿಯುತ್ತದೆ. ದೂರ ಎಷ್ಟಿದ್ದರೂ ಅಡ್ಡಿಯಿಲ್ಲ. ಜೋಡಿ ಅನುರಣನದ ಈ ಕಲ್ಪನೆಗೆ ಲೇಖಕರು ನಮ್ಮ ಲೋಕದ ಕ್ವಾಂಟಂ ಎಂಟ್ಯಾಂಗಲ್‌ಮೆಂಟನ್ನೇ ಆಧಾರವಾಗಿ ಹೇಳಿಸುತ್ತಾರೆ.

ಕಲ್ಪನೆ ಹೊಸದೇನಲ್ಲ. ಇಟಲಿಯ ಫಾಮಿಯಾನೊ ಸ್ತ್ರಾದಾ 1617ರಲ್ಲಿಯೇ ಇಂಥದನ್ನು ಬರೆದಿದ್ದ: ಒಂದೇ ಸೂಜಿಗಲ್ಲಿಗೆ ಸೋಕಿಸಿದ ಎರಡು ಸೂಜಿಗಳು, ಇಬ್ಬರು ಸ್ನೇಹಿತರು, ಅಕ್ಷರ ಬರೆದ ಎರಡು ಫಲಕಗಳು, ಒಬ್ಬ ತನ್ನ ಸೂಜಿಯನ್ನು ಯಾವ ಅಕ್ಷರಕ್ಕೆ ತಿರುಗಿಸಿದರೆ ಇನ್ನೊಬ್ಬನದೂ ಅದೇ ಅಕ್ಷರಕ್ಕೆ ತಿರುಗುತ್ತದೆ. ಇದನ್ನು ನಿಜವೆಂದೇ ನಂಬಿದವರಿದ್ದರು. ಗೆಲಿಲಿಯೊ 1632ರ ತನ್ನ ಸಂವಾದಗ್ರಂಥದಲ್ಲಿ ಅವರನ್ನು ಗೇಲಿಮಾಡುತ್ತಾನೆ. ಸಾವಿರಾರು ಮೈಲಿ ದೂರಕ್ಕೆ ಮಾತು ಕಳಿಸುವ ಗುಟ್ಟನ್ನು ಮಾರಲು ಬಂದವನೊಬ್ಬನಿಗೆ ಅಲ್ಲಿನ ಸಗ್ರೆದೊ, ಕೊಳ್ಳುತ್ತೇನೆ, ಆದರೆ ಮೊದಲು ಈ ಕೋಣೆಯಿಂದ ಆ ಕೋಣೆಗೆ ಮಾಡಿ ತೋರಿಸು ಎನ್ನುತ್ತಾನೆ. ಇಷ್ಟು ಸಣ್ಣ ದೂರದಲ್ಲಿ ಅದು ಸರಿಯಾಗಿ ಕಾಣುವುದಿಲ್ಲ ಎಂದು ಮಾರುವವನ ಉತ್ತರ! ಇಂದಿಗೂ ಇಂಥ ಉತ್ತರಕ್ಕೆ ಬರವಿಲ್ಲ.

ಪುಲ್‌ಮನ್ನರ ಕಲ್ಲು ಸ್ತ್ರಾದಾನ ವಂಶದ್ದೇ. ಭೌತಶಾಸ್ತ್ರದ ಕಣ್ಣಿನಿಂದ ನೋಡಿದರೆ ಅದರಲ್ಲಿ ದೊಡ್ಡದೊಂದು ತಪ್ಪಿದೆ. 1935ರಲ್ಲಿ ಐನ್‌ಸ್ಟೈನ್, ಪೊಡೊಲ್ಸ್ಕಿ, ರೋಸೆನ್ ಎತ್ತಿದ ಪ್ರಶ್ನೆಗೆ 1964ರಲ್ಲಿ ಜಾನ್ ಬೆಲ್ ಪರೀಕ್ಷಿಸಬಹುದಾದ ರೂಪ ಕೊಟ್ಟರು. ಆ ಪರೀಕ್ಷೆಗಳನ್ನು ನಡೆಸಿದವರಲ್ಲಿ ಆಸ್ಪೆ, ಕ್ಲೌಸರ್, ಝೈಲಿಂಗರ್ ಮೂವರಿಗೆ 2022ರ ನೊಬೆಲ್ ಬಂತು. ಹೆಣೆದುಕೊಂಡ ಕಣಗಳ ನಡುವಿನ ಹೊಂದಾಣಿಕೆ ಹೀಗೆ ಸ್ಥಿರಪಟ್ಟಿತು. ಆದರೆ ಆ ಹೊಂದಾಣಿಕೆಯಿಂದ ಒಂದಕ್ಷರದ ಸುದ್ದಿಯನ್ನೂ ಕಳಿಸಲಾಗದು. ಇಲ್ಲಿ ಅಳೆದವನಿಗೆ ಸಿಗುವುದು ಗೊತ್ತುಗುರಿಯಿಲ್ಲದ ಫಲಿತಾಂಶಗಳ ಸಾಲು; ಅಲ್ಲಿ ಅಳೆದವನಿಗೂ ಅಷ್ಟೇ. ಇಬ್ಬರ ಟಿಪ್ಪಣಿಗಳನ್ನೂ ಪಕ್ಕಪಕ್ಕದಲ್ಲಿಟ್ಟು ಓದಿದಾಗ ಮಾತ್ರ ಅವು ಒಂದಕ್ಕೊಂದು ಓಗೊಟ್ಟಿದ್ದವೆಂದು ತಿಳಿಯುತ್ತದೆ. ಪಕ್ಕಪಕ್ಕದಲ್ಲಿಡಲು ಸಾಮಾನ್ಯ ಅಂಚೆಯೋ ದೂರವಾಣಿಯೋ ಬೇಕೇ ಬೇಕು.

ಇನ್ನು ಕಾದಂಬರಿಯ ಕೊನೆಗೆ ಬರೋಣ, ಓದದವರು ಕ್ಷಮಿಸಬೇಕು. ಲೈರಾ ಮತ್ತು ವಿಲ್ ಬೇರೆಬೇರೆ ಲೋಕಗಳಿಗೆ ಸೇರಿದವರು. ಅನ್ಯಲೋಕದಲ್ಲಿ ನೆಲೆಸಿದವರು ಕೆಲವೇ ವರ್ಷಗಳಲ್ಲಿ ಸೊರಗಿ ಸಾಯುತ್ತಾರೆ. ಲೋಕಗಳ ನಡುವಿನ ಕಿಟಕಿಗಳನ್ನು, ಸತ್ತವರು ಹೊರಬರುವ ಒಂದನ್ನುಳಿದು, ಮುಚ್ಚಲೇಬೇಕು. ಅವರು ಅಗಲುತ್ತಾರೆ. ಹಾಗಾದರೆ ಆ ಸೂಜಿಗಲ್ಲಿನ ಎರಡು ತುಂಡುಗಳನ್ನು ಇವರಿಗೇಕೆ ಕೊಡಲಿಲ್ಲ? ಕಿಟಕಿ ಮುಚ್ಚಿದ ಮೇಲೆ ಕಲ್ಲು ನುಡಿಯದೆನ್ನಬಹುದು. ಲೇಖಕರು ಮರೆತರೆನ್ನುವವರೂ ಉಂಟು. ಅದು ಮರೆವೆಂದು ನಮಗೆ ತೋರುವುದಿಲ್ಲ.

ಕಾದಂಬರಿಯುದ್ದಕ್ಕೂ ಈ ಕಲ್ಲು ಯುದ್ಧದ ಸಾಮಗ್ರಿ. ಅದರ ಸೋದರನೆನ್ನಬಹುದಾದ ಇನ್ನೊಂದು ಯಂತ್ರವಂತೂ ಭಯಂಕರ: ಲೈರಾಳ ತಲೆಯಿಂದ ಕತ್ತರಿಸಿದ ಕೂದಲಿನ ಎಳೆಗಳಿಂದಲೇ ಅವಳಿದ್ದೆಡೆಯನ್ನು ಹುಡುಕಿ ಹೋಗುವ ಬಾಂಬು. ಉಳಿದ ಮೋಟುಕೂದಲನ್ನು ವಿಲ್ ಬುಡಸಹಿತ ಕತ್ತರಿಸಿ ಬೇರೊಂದು ಲೋಕಕ್ಕೆ ಎಸೆದುದರಿಂದ ಅವಳು ಉಳಿಯುತ್ತಾಳೆ. ಜೋಡಿಯ ನಂಟು ಯಂತ್ರಕ್ಕೆ ಸಿಕ್ಕಿದರೆ ಬೇಹಿಗೂ ಕೊಲೆಗೂ ಒದಗುತ್ತದೆ. ಕಥೆ ಇದನ್ನು ಬಲ್ಲದು. ಆದ್ದರಿಂದ ಪ್ರೇಮಿಗಳಿಗೆ ಅದು ಕೊಡುವುದು ಆಕ್ಸ್‌ಫರ್ಡಿನ ಸಸ್ಯೋದ್ಯಾನದ ಒಂದು ಮರದ ಬೆಂಚನ್ನು. 1621ರಲ್ಲಿ ಸ್ಥಾಪನೆಯಾದ ಆ ತೋಟ ಕಾದಂಬರಿಯಲ್ಲಿ ಎರಡೂ ಲೋಕಗಳಲ್ಲಿದೆ, ಬೆಂಚೂ ಎರಡರಲ್ಲಿದೆ. ವರ್ಷಕ್ಕೊಮ್ಮೆ ನಡುಬೇಸಿಗೆಯ ದಿನ ನಡುಹಗಲಿಗೆ ಇಬ್ಬರೂ ತಂತಮ್ಮ ಲೋಕದ ಬೆಂಚಿನ ಮೇಲೆ ಕೂರಬೇಕೆಂದು ಮಾತಾಗುತ್ತದೆ.

ಸುದ್ದಿ ಸಾಗುವುದಿಲ್ಲ, ಆದರೂ ಎರಡು ಕಡೆಗಳು ಹೊಂದುತ್ತವೆ. ಮೊದಲೇ ಕೊಟ್ಟ ಮಾತಿನಿಂದ ಬಂದ ಹೊಂದಾಣಿಕೆ ಕಣಗಳದಕ್ಕೆ ಸಮನಲ್ಲವೆಂದು ಭೌತಶಾಸ್ತ್ರ ಬಲ್ಲವರು ತಕರಾರೆತ್ತಬಹುದು, ಬೆಲ್ ತೋರಿಸಿದ್ದೂ ಅದನ್ನೇ. ಆದರೂ ಸುದ್ದಿ ಸಾಗದು ಎಂಬ ಮುಖ್ಯ ನಿಯಮಕ್ಕೆ ಕಲ್ಲಿಗಿಂತ ಬೆಂಚೇ ಹೆಚ್ಚು ನಿಷ್ಠವಾಗಿದೆ.

ಕುತೂಹಲದ ಸಂಗತಿಯೊಂದಿದೆ. ಕಲ್ಲು, ಬೆಂಚು ಎರಡೂ ಮುನ್ನೂರು ವರ್ಷಗಳ ಹಿಂದೆ ಒಂದೇ ಲೇಖನದಲ್ಲಿ ಜೊತೆಯಾಗಿದ್ದವು. 1711ರ ಡಿಸೆಂಬರಿನಲ್ಲಿ 'ಸ್ಪೆಕ್ಟೇಟರ್' ಪತ್ರಿಕೆಯಲ್ಲಿ ವಿರಹವನ್ನು ಕುರಿತು ಬರೆಯುತ್ತ ಜೋಸೆಫ್ ಅಡಿಸನ್, ದಿನಕ್ಕೆ ಅರ್ಧ ಗಂಟೆ ಒಬ್ಬರನ್ನೊಬ್ಬರು ನೆನೆಯಲೆಂದೇ ಮೀಸಲಿಟ್ಟ ಹಳೆಯ ಕಥೆಯೊಂದರ ಪ್ರೇಮಿಗಳನ್ನು ಪ್ರಸ್ತಾಪಿಸುತ್ತಾನೆ. ಮುಂದೆಯೇ ಸ್ತ್ರಾದಾನ ಸೂಜಿಗಳನ್ನೂ ತರುತ್ತಾನೆ. ಅವನಿಗೆ ಎರಡೂ ವಿನೋದ. ಪುಲ್‌ಮನ್ ಇವೆರಡರ ನಡುವೆ ಆಯ್ಕೆ ಮಾಡಿದ್ದಾರೆ.

ಅನುರಣನವೆಂಬ ಮಾತು ನಮ್ಮಲ್ಲಿ ಅನೇಕರಿಗೆ ಭೌತಶಾಸ್ತ್ರಕ್ಕಿಂತ ಮೊದಲು ಪರಿಚಯವಾದದ್ದು ತೀ.ನಂ. ಶ್ರೀಕಂಠಯ್ಯನವರ 'ಭಾರತೀಯ ಕಾವ್ಯಮೀಮಾಂಸೆ'ಯಂಥ ಗ್ರಂಥಗಳ ಮೂಲಕ, ಆನಂದವರ್ಧನನ ಧ್ವನಿವಿಚಾರದ ಜೊತೆಗೆ. ಗಂಟೆ ಹೊಡೆದ ಮೇಲೆ ಉಳಿದು ಮೊಳಗುವ ನಾದದ ಹೋಲಿಕೆ ಅದು. ಅಲ್ಲಿಯೂ ಕೇಳುವವನು ಸಹೃದಯನಾಗಿರಬೇಕು. ಶ್ರುತಿ ಕೂಡಿಸದ ತಂಬೂರಿ ಪಕ್ಕದ ತಂಬೂರಿಯ ನಾದಕ್ಕೆ ಮಿಡಿಯಲಾರದು.

ಊರು ಬಿಟ್ಟು ಮುಂಬಯಿ, ಪುಣೆ, ದೆಹಲಿಗಳಲ್ಲಿರುವ ನಮಗೆ ಇದು ಬರಿಯ ಸಾಹಿತ್ಯಚರ್ಚೆಯಲ್ಲ. ಸೂಜಿಗಲ್ಲು ನಮ್ಮೆಲ್ಲರ ಜೇಬಿನಲ್ಲಿದೆ. ಅಡುಗೆ ಏನೆಂಬುದರಿಂದ ಹಿಡಿದು ನೆರೆಮನೆಯ ಜಗಳದವರೆಗೆ ಅದು ದಿನವೂ ನುಡಿಯುತ್ತದೆ. ಅದನ್ನು ಬೈಯುವಷ್ಟು ಕೃತಘ್ನರು ನಾವಲ್ಲ. ಆದರೆ ಯುಗಾದಿಯ ಬೆಳಗ್ಗೆ ಇಲ್ಲಿ ಬೇವುಬೆಲ್ಲವನ್ನು ಬಾಯಿಗಿಡುವಾಗ ಅಲ್ಲಿಯೂ ಯಾರೋ ಇಡುತ್ತಿದ್ದಾರೆಂಬ ತಿಳಿವಿಗೆ ಕರೆಯ ಅಗತ್ಯವಿಲ್ಲ. ಮಕ್ಕಳಿಗೆ ಕಲ್ಲನ್ನು ಕೊಟ್ಟು ಬೆಂಚನ್ನು ಮರೆತಿದ್ದೇವೆಯೇ ಎಂಬುದು ನಮ್ಮ ಆತಂಕ. ಅಜ್ಜಿಯ ಮುಖವನ್ನು ಅವರು ಪರದೆಯಲ್ಲಿ ವಾರವಾರವೂ ನೋಡುತ್ತಾರೆ. ಅಜ್ಜಿ ಓದುವ ಪುಸ್ತಕವನ್ನು ಓದಲಾರರು.

ಕಾದಂಬರಿಯಲ್ಲಿ ಇನ್ನೊಂದು ಉಪಕರಣವಿದೆ, ಲೋಕಗಳ ನಡುವೆ ಕಿಟಕಿ ಕೊರೆಯುವ ಕತ್ತಿ. ಹಿಡಿದವನ ಮನಸ್ಸು ಎರಡಾಗಿ ಸೀಳಿದರೆ ಅದು ಮುರಿಯುತ್ತದೆ. ಹಿಂದೊಮ್ಮೆ ತಾಯಿಯ ನೆನಪಾಗಿ ಮುರಿದಿತ್ತು. ಕೊನೆಯ ಕಿಟಕಿ ಮುಚ್ಚಿದ ಬಳಿಕ ಅದನ್ನು ನಾಶಮಾಡಬೇಕಾಗಿ ಬಂದಾಗ ವಿಲ್ ಅಂಚನ್ನು ಗಾಳಿಯಲ್ಲಿಟ್ಟು ಲೈರಾಳನ್ನು ನೆನೆಯುತ್ತಾನೆ. ಕತ್ತಿ ಚೂರುಚೂರಾಗುತ್ತದೆ.