ಬೆಲೆಗೆ ‘ಪರಿಹಾರ’ವೆಂಬ ಹೆಸರೇಕೆ?

ಗ್ರಹದೋಷಕ್ಕೆ ಪರಿಹಾರವುಂಟು, ನೆರೆಯಲ್ಲಿ ಮನೆ ಕೊಚ್ಚಿಹೋದರೆ ಸರ್ಕಾರ ಕೊಡುವುದೂ ಪರಿಹಾರವೇ. ಆದರೆ ಸರ್ಕಾರವೇ ಬಂದು ಹೊಲ ತೆಗೆದುಕೊಂಡು, ಅದಕ್ಕಾಗಿ ಕೊಡುವ ಹಣವನ್ನೂ ಪರಿಹಾರವೆನ್ನುವುದು ಯಾವ ನ್ಯಾಯ? ಅಂಗಡಿಯಿಂದ ಅಕ್ಕಿ ತಂದವನು ಶೆಟ್ಟರಿಗೆ ಪರಿಹಾರ ಕೊಟ್ಟು ಬಂದೆನೆನ್ನುವನೆ? ಕನ್ನಡ ಮೇಷ್ಟರಿಗೆ ಪದಗಳದೇ ಚಿಂತೆಯೆಂದು ವಾಚಕರು ನಗಬಹುದು. ಈ ಪದದ ಮರೆಯಲ್ಲಿ ಏನೇನು ನಡೆಯುತ್ತದೆಂಬುದನ್ನು ನೋಡಿ, ಆಮೇಲೆ ನಗಲಿ.

ಬೆಲೆಯಾದರೆ ವಸ್ತು ಕೈಗೆ ಬಂದಾಗಲೇ ತೆರಬೇಕು; ಪರಿಹಾರವಾದರೋ ಕೊಡುವವನ ದಯೆ, ಕೊಟ್ಟಾಗ ಉಂಟು. ಬೆಂಗಳೂರು–ಮೈಸೂರು ಕಾರಿಡಾರ್ ಯೋಜನೆಗೆಂದು 2003ರಲ್ಲಿ ಅಧಿಸೂಚನೆಗೊಳಗಾದ ಕೆಲವು ನಿವೇಶನಗಳ ಕಥೆ ಕೇಳಿ. ಸ್ವಾಧೀನವಾದದ್ದು 2005ರಲ್ಲಿ. ಐತೀರ್ಪು ಹೊರಟದ್ದು 2019ರಲ್ಲಿ, ಅದೂ ನ್ಯಾಯಾಂಗ ನಿಂದನೆಯ ನೋಟೀಸು ಬಂದ ಮೇಲೆ. ಕಟ್ಟಿದ ದರ 2011ರದು! 2025ರ ಜನವರಿಯಲ್ಲಿ ಸುಪ್ರೀಂ ಕೋರ್ಟು ಇದನ್ನು ಒಪ್ಪದೆ, 2019ರ ಏಪ್ರಿಲ್ 22ರ ಮಾರುಕಟ್ಟೆ ದರದಂತೆ ಹೊಸದಾಗಿ ಲೆಕ್ಕ ಹಾಕಿರೆಂದಿತು. ಗಮನಿಸಿ, ಇವರು ಮನೆ ಕಟ್ಟಿಸಲು ನಿವೇಶನ ಕೊಂಡಿದ್ದವರು, ನಮ್ಮಂಥವರು, ದೆಹಲಿಯವರೆಗೆ ಹೋಗಬಲ್ಲವರು. ಎರಡೆಕರೆ ರಾಗಿ ಹೊಲದವನು ಯಾವ ವಕೀಲರನ್ನು ಹಿಡಿಯಬೇಕು?

ಇನ್ನು ಮಾರುಕಟ್ಟೆ ದರವೆಂಬುದು. ಅದನ್ನು ಹಿಂದಿನ ವರ್ಷಗಳ ಕ್ರಯಪತ್ರಗಳಿಂದಲೋ ಸರ್ಕಾರದ ಮಾರ್ಗಸೂಚಿ ದರದಿಂದಲೋ ಕಟ್ಟುತ್ತಾರೆ. ಮುದ್ರಾಂಕ ಶುಲ್ಕ ಉಳಿಸಲು ಕ್ರಯಪತ್ರದಲ್ಲಿ ಎಷ್ಟು ಬರೆಸುತ್ತಾರೆ, ಕೈಯಿಂದ ಕೈಗೆ ಎಷ್ಟು ದಾಟುತ್ತದೆ ಎಂಬುದನ್ನು ಪಟ್ಟಣದ ವಾಚಕರಿಗೆ ನಾನು ಹೇಳಿಕೊಡಬೇಕಾಗಿಲ್ಲ. ಕೊಂಡವರು ಬರೆಸಿದ ಸುಳ್ಳೇ ಪಕ್ಕದ ಹೊಲದ ರೈತನಿಗೆ ಸರ್ಕಾರಿ ಸತ್ಯವಾಗುತ್ತದೆ.

‘ರೈತರಿಗೆ ಕೋಟಿಗಟ್ಟಲೆ ಬಂತಲ್ಲ, ಕಾರು ಕೊಂಡರಲ್ಲ’ ಎನ್ನುವವರಿದ್ದಾರೆ. ಮನೆ ಮಾರಿದವರು ಆ ಹಣದಲ್ಲಿ ಏನು ಕೊಂಡರೆಂದು ಇವರು ಎಂದಾದರೂ ಕೇಳಿದ್ದುಂಟೆ? ಬಲವಂತವಾಗಿ ಕಿತ್ತುಕೊಂಡದ್ದಕ್ಕೆ ಸಮಾಧಾನದ ಹಣವಾಗಿ 1894ರ ಕಾಯಿದೆ ನೂರಕ್ಕೆ 15 ಕೊಟ್ಟಿತು. 1984ರಲ್ಲಿ ಅದು 30 ಆಯಿತು. 2013ರ ಕಾಯಿದೆಯಲ್ಲಿ 100. ಒಪ್ಪತಕ್ಕದ್ದೇ. ಆದರೆ ಬುಡದ ಅಂಕಿಯೇ ಸುಳ್ಳಾದರೆ ಇಮ್ಮಡಿಸಿ ಬಂದದ್ದೇನು?

2013ರ ಕಾಯಿದೆಯ ಪ್ರಕಾರ ಹಣ ಪೂರ್ತಿ ಸಂದಾಯವಾಗದೆ ಜಮೀನು ವಶಕ್ಕೆ ತೆಗೆದುಕೊಳ್ಳುವಂತಿಲ್ಲ. ಆದರೆ ನಮ್ಮ ರಾಜ್ಯದಲ್ಲಿ ಕೈಗಾರಿಕೆಗೆಂದು ಜಮೀನು ಹಿಡಿಯುವುದು 1966ರ ಕೈಗಾರಿಕಾ ಪ್ರದೇಶಾಭಿವೃದ್ಧಿ ಕಾಯಿದೆಯಂತೆ. ಅದರಲ್ಲಿ ಅಂತಿಮ ಅಧಿಸೂಚನೆ ಪ್ರಕಟವಾದೊಡನೆ ಜಮೀನು ಸರ್ಕಾರದ್ದು, ಹಣ ಆಮೇಲೆ. ಮೇಲೆ ಹೇಳಿದ ನಿವೇಶನಗಳು ಹೋದದ್ದೂ ಇದರ ಕೆಳಗೇ. 2025ರ ಜುಲೈಯಲ್ಲಿ ದೇವನಹಳ್ಳಿಯ 1,777 ಎಕರೆಯನ್ನು ಕೈಬಿಡುವುದಾಗಿ ಸರ್ಕಾರ ಸಾರಿದಾಗ, ತಾವಾಗಿ ಕೊಡುವವರಿಗೆ ಹೆಚ್ಚು ಹಣ ಕೊಡುವೆವೆಂದೂ ಹೇಳಿತು. ಆ ಹೆಚ್ಚಿನ ಹಣ ಅದುವರೆಗೆ ಎಲ್ಲಿತ್ತು? ಶಾಸಕರು ಮೊದಲು 1966ರ ಕಾಯಿದೆಯನ್ನು ತಿದ್ದಲಿ: ಹಣ ಕೈಗೆ ಬರುವವರೆಗೆ ಪಹಣಿಯಲ್ಲಿ ರೈತನ ಹೆಸರೇ ಇರಲಿ. ಆಮೇಲೆ ‘ಪರಿಹಾರ’ವೆಂಬ ಪದವನ್ನು ಹೊಡೆದುಹಾಕಿ ‘ಬೆಲೆ’ ಎಂದು ಬರೆಯಲಿ.