ತುಟಿ ಅಲುಗದ ಮಕ್ಕಳು

ನನ್ನ ಹಳೆಯ ವಿದ್ಯಾರ್ಥಿಗಳಲ್ಲಿ ಹಲವರು ಈಗ ತಾಯಿತಂದೆಯರಾಗಿದ್ದಾರೆ. ಭೇಟಿಯಾದಾಗಲೆಲ್ಲ ಅವರದು ಒಂದೇ ದೂರು: “ಈಗಿನ ಮಕ್ಕಳಿಗೆ ನೀತಿಯೇ ಇಲ್ಲ ಮೇಷ್ಟ್ರೇ. ಶಾಲೆಯಲ್ಲಿ ಧರ್ಮವನ್ನು ಬೋಧಿಸಬೇಕು. ಇಲ್ಲವೇ ಕಾನೂನನ್ನಾದರೂ ಬಿಗಿ ಮಾಡಬೇಕು.” ಈ ಮಾತನ್ನು ನಾನು ಒಪ್ಪಲಾರೆ. ಕಾರಣವನ್ನು ಒಂದು ಪ್ರಸಂಗದ ಮೂಲಕ ನಿವೇದಿಸುತ್ತೇನೆ.

ಕೇರಳದ ಶಾಲೆಯೊಂದರಲ್ಲಿ, ಯೆಹೋವನ ಸಾಕ್ಷಿಗಳೆಂಬ ಕ್ರೈಸ್ತ ಪಂಥಕ್ಕೆ ಸೇರಿದ ಮೂವರು ಮಕ್ಕಳು ರಾಷ್ಟ್ರಗೀತೆಯನ್ನು ಹಾಡುತ್ತಿರಲಿಲ್ಲ. ಅವರ ಶ್ರದ್ಧೆ ಅದಕ್ಕೆ ಸಮ್ಮತಿಸುತ್ತಿರಲಿಲ್ಲ. ಆದರೆ ಗೀತೆ ಮುಗಿಯುವವರೆಗೂ ಗೌರವದಿಂದ ಎದ್ದು ನಿಂತಿರುತ್ತಿದ್ದರು. ವಿಷಯ ವಿಧಾನಸಭೆಯನ್ನು ಮುಟ್ಟಿತು. ವಿಚಾರಣೆಗೆ ನೇಮಕವಾದ ಆಯೋಗವೇ ಮಕ್ಕಳು ಅಗೌರವ ತೋರಿಲ್ಲವೆಂದು ವರದಿ ಕೊಟ್ಟಿತು. ಆದರೂ 1985ರ ಜುಲೈನಲ್ಲಿ ಅವರನ್ನು ಶಾಲೆಯಿಂದ ಹೊರಹಾಕಲಾಯಿತು. ಉಚ್ಚ ನ್ಯಾಯಾಲಯವೂ ಅವರ ಕೈಹಿಡಿಯಲಿಲ್ಲ. ಕೊನೆಗೆ 1986ರ ಆಗಸ್ಟ್ 11ರಂದು ಸರ್ವೋಚ್ಚ ನ್ಯಾಯಾಲಯದಲ್ಲಿ ನ್ಯಾಯಮೂರ್ತಿ ಓ. ಚಿನ್ನಪ್ಪ ರೆಡ್ಡಿಯವರಿದ್ದ ಪೀಠವು ಮಕ್ಕಳನ್ನು ಮರಳಿ ಸೇರಿಸಿಕೊಳ್ಳುವಂತೆ ಆದೇಶಿಸಿತು. ಹಾಡಲೇಬೇಕೆಂದು ವಿಧಿಸುವ ಕಾನೂನು ಯಾವುದೂ ಇಲ್ಲ. 1971ರ ಕಾಯಿದೆ ದಂಡಿಸುವುದು ಹಾಡುವವರನ್ನು ತಡೆಯುವವರನ್ನು, ಸಭೆಗೆ ಅಡ್ಡಿಪಡಿಸುವವರನ್ನು ಮಾತ್ರ ಎಂಬುದು ತೀರ್ಪಿನ ತಿರುಳು. ಸಂವಿಧಾನದ 19 ಮತ್ತು 25ನೆಯ ವಿಧಿಗಳು ಆ ಮಕ್ಕಳ ಮೌನವನ್ನು ಕಾಪಾಡಿದವು.

ತೀರ್ಪಿನ ಸುದ್ದಿ ಓದಿದ ದಿನ ನನಗೆ ಸಿಟ್ಟು ಬಂದಿತ್ತೆಂಬುದನ್ನು ಮುಚ್ಚಿಡುವುದಿಲ್ಲ. ಪ್ರಾರ್ಥನೆಯ ಸಾಲುಗಳ ನಡುವೆ ಬೆತ್ತ ಹಿಡಿದು ನಡೆಯುತ್ತ, ತುಟಿ ಅಲುಗದ ಹುಡುಗರನ್ನು ಹೊರಗೆಳೆಯುತ್ತಿದ್ದವನು ನಾನು. ನಿಮ್ಮಲ್ಲಿ ಕೆಲವರಿಗೆ ಆ ಬೆತ್ತದ ನೆನಪಿದ್ದೀತು. ಏಕೆ ಹಾಡುತ್ತಿಲ್ಲವೆಂದು ಒಬ್ಬನನ್ನೂ ನಾನು ಕೇಳಲಿಲ್ಲ. ನಿಮಗೆ ನಾನು ಅಂದು ಕಲಿಸಿದ್ದು ತುಟಿ ಅಲುಗಿಸುವ ಉಪಾಯವನ್ನೇ ಹೊರತು ಭಕ್ತಿಯನ್ನೂ ಅಲ್ಲ, ನೀತಿಯನ್ನೂ ಅಲ್ಲ.

ಧರ್ಮವಿಲ್ಲದೆ ನೀತಿ ಎಲ್ಲಿಂದ ಬರಬೇಕೆಂದು ನೀವು ಕೇಳಬಹುದು. ಮನೆಯಿಂದ ಧರ್ಮ ಬರಲಿ. ಆ ಮೂವರಿಗೂ ಅದು ಬಂದದ್ದು ಮನೆಯಿಂದಲೇ. ಸರ್ಕಾರದ ಹಣದಿಂದಲೇ ನಡೆಯುವ ಶಾಲೆಯಲ್ಲಿ ಧಾರ್ಮಿಕ ಬೋಧನೆ ಕೂಡದೆಂದು ಸಂವಿಧಾನದ 28ನೆಯ ವಿಧಿ ಹೇಳುತ್ತದೆ. ಇದು ಧರ್ಮದ್ವೇಷವೆಂದು ಭಾವಿಸುವವರು, ಒಂದೇ ಬೆಂಚಿನಲ್ಲಿ ಕುಳಿತ ಐದು ಮನೆಗಳ ಮಕ್ಕಳಿಗೆ ಯಾರ ಮನೆಯ ಧರ್ಮವನ್ನು ಬೋಧಿಸಬೇಕೆಂದು ಮೊದಲು ಹೇಳಲಿ. ಇನ್ನು ಕಾನೂನು: ಅದು ಮಕ್ಕಳನ್ನು ಶಾಲೆಯೊಳಕ್ಕೆ ಮರಳಿಸಬಲ್ಲದು, ಪಕ್ಕದ ಹುಡುಗ ಅವರನ್ನು ಹೇಗೆ ಕಾಣಬೇಕೆಂಬುದನ್ನು ಕಲಿಸಲಾರದು. ಆ ಪಾಠ ಶಿಕ್ಷಕನದು. ತನಗಿಂತ ಬೇರೆ ನಂಬಿಕೆಯವನ ಕಾರಣವನ್ನು ಕೇಳಿ, ತೂಗಿ, ತನ್ನ ಕಾರಣವನ್ನೂ ಹೇಳುವುದೇ ನೀತಿಶಿಕ್ಷಣವೆಂಬುದು ನನ್ನ ದೃಢವಾದ ಅಭಿಪ್ರಾಯ.

ಆದುದರಿಂದ, ಆತ್ಮೀಯರೇ, ನಿಮ್ಮ ಮಗು “ನಾನು ಇದನ್ನು ಮಾಡಲಾರೆ” ಎಂದಾಗ ಬೆತ್ತಕ್ಕೂ ಗ್ರಂಥಕ್ಕೂ ಕೈಚಾಚಬೇಡಿ. “ಏಕೆ?” ಎಂದು ಕೇಳಿ, ಉತ್ತರ ಮುಗಿಯುವವರೆಗೆ ಸುಮ್ಮನಿರಿ. ನಾನು ಮಾಡದೆ ಉಳಿದದ್ದು ಅಷ್ಟನ್ನೇ.