ಹೆಡ್ಡಾಫೀಸಿನ ಸರ್ಕ್ಯುಲರ್ ಮತ್ತು ಅಮೆರಿಕದ ರಾಜ್ಯಗಳು

ನಮ್ಮ ಮುಂಬೈ ಕನ್ನಡಿಗರ ಬಾಯಲ್ಲಿ ಒಂದು ಮಾತು ಆಗಾಗ ಕೇಳಿಸುತ್ತದೆ. ದಿಲ್ಲಿಯಿಂದ ಯಾವುದಾದರೂ ಕಾನೂನು ಬಂದು ಅದು ತಮಗೆ ಹಿಡಿಸದಿದ್ದರೆ ಸಾಕು, "ಅಮೆರಿಕದಲ್ಲಾದರೆ ರಾಜ್ಯಗಳು ಇಂಥದ್ದನ್ನೆಲ್ಲ ಒಪ್ಪುವುದೇ ಇಲ್ಲ ಮಾರಾಯ್ರೆ, ನಮಗೆ ಬೇಡ ಅಂತ ತಿರಸ್ಕರಿಸಿಬಿಡುತ್ತವೆ. ಒಕ್ಕೂಟ ಅಂದರೆ ಅದು!" ಎನ್ನುತ್ತಾರೆ. ಮಗಳೋ ಅಳಿಯನೋ ನ್ಯೂಜೆರ್ಸಿಯಲ್ಲಿ ಇರುವವರಂತೂ ಕಣ್ಣಾರೆ ಕಂಡವರ ಹಾಗೆ ಹೇಳುತ್ತಾರೆ. ಕೇಳಿ ಕೇಳಿ ಸಾಕಾಗಿ ಇದನ್ನು ಬರೆಯುತ್ತಿದ್ದೇನೆ. ನಾನೇನು ಇತಿಹಾಸದ ಪ್ರೊಫೆಸರ್ ಅಲ್ಲ, ಬಿಕಾಂ ಮಾಡಿ ಬ್ಯಾಂಕು ಸೇರಿದವನು. ಆದರೆ ಈ ಕಥೆಯಲ್ಲಿ ಬ್ಯಾಂಕೂ ಬರುತ್ತದೆ, ಆದ್ದರಿಂದ ನನಗೂ ಸ್ವಲ್ಪ ಮಾತಾಡುವ ಹಕ್ಕು ಉಂಟು ಅಂದುಕೊಳ್ಳುತ್ತೇನೆ.

ಮೊದಲೇ ಹೇಳಿಬಿಡುತ್ತೇನೆ. ಫೆಡರಲ್ ಕಾನೂನನ್ನು ಅಸಿಂಧು ಎಂದು ಸಾರುವ ಅಧಿಕಾರ ಅಮೆರಿಕದ ಯಾವ ರಾಜ್ಯಕ್ಕೂ ಇಲ್ಲ. ಸಂವಿಧಾನದ 6ನೇ ವಿಧಿಯಲ್ಲೇ ಅದು ಸ್ಪಷ್ಟವಾಗಿದೆ: ಸಂವಿಧಾನಕ್ಕೆ ಅನುಗುಣವಾದ ಫೆಡರಲ್ ಕಾನೂನು ರಾಜ್ಯದ ಕಾನೂನಿಗಿಂತ ಮೇಲೆ. ಅಂಥ ಅಧಿಕಾರ ತಮಗಿದೆ ಎಂದು ಹೇಳಿಕೊಂಡವರು ಮಾತ್ರ ಇನ್ನೂರು ವರ್ಷಗಳಿಂದ ಇದ್ದಾರೆ. ಅವರು ಯಾರು, ಯಾವಾಗ, ಯಾವ ಕಾನೂನಿನ ಎದುರು ಹಾಗೆ ಹೇಳಿದರು ಅಂತ ಒಂದೊಂದಾಗಿ ನೋಡಿದರೆ ಈ "ತತ್ವ"ದ ಬಣ್ಣ ಬಯಲಾಗುತ್ತದೆ.

ವಾದದ ಬುಡ ಇಷ್ಟು. ರಾಜ್ಯಗಳೆಲ್ಲ ಸೇರಿ ಒಪ್ಪಂದ ಮಾಡಿಕೊಂಡು ಒಕ್ಕೂಟ ಮಾಡಿದವು, ಆದ್ದರಿಂದ ಒಪ್ಪಂದ ಮುರಿದಿದೆಯೋ ಇಲ್ಲವೋ ಎಂದು ತೀರ್ಮಾನಿಸುವ ಹಕ್ಕು ಒಂದೊಂದು ರಾಜ್ಯಕ್ಕೂ ಇದೆ. ಅಂದರೆ ದೇಶ ಒಂದು ಪಾರ್ಟ್‌ನರ್‌ಶಿಪ್ ಫರ್ಮು, ರಾಜ್ಯಗಳು ಪಾಲುದಾರರು. ಎದುರು ಪಕ್ಷದವರು ಹೇಳಿದ್ದು, ಸಂವಿಧಾನ ಮಾಡಿದ್ದು ರಾಜ್ಯ ಸರಕಾರಗಳಲ್ಲ, ಜನ, ದೇಶ ಫರ್ಮು ಅಲ್ಲ, ಕಂಪನಿ, ಷೇರುದಾರರು ಜನರು. ಕಂಪನಿಯ ಬ್ರಾಂಚ್ ಮ್ಯಾನೇಜರು ಹೆಡ್ಡಾಫೀಸಿನ ಸರ್ಕ್ಯುಲರಿಗೆ ಆಕ್ಷೇಪ ಬರೆಯಬಹುದು, ಮೇಲಕ್ಕೆ ಹೋಗಬಹುದು, ಕೋರ್ಟಿಗೂ ಹೋಗಬಹುದು. ಸರ್ಕ್ಯುಲರಿನ ಮೇಲೆ "ರದ್ದು" ಅಂತ ತಾನೇ ಸೀಲು ಹೊಡೆಯುವ ಹಾಗಿಲ್ಲ.

ಆರಂಭವೇನೋ ಒಳ್ಳೆಯ ಕಾರಣಕ್ಕೇ ಆಯಿತು. 1798ರಲ್ಲಿ ಅಧ್ಯಕ್ಷ ಜಾನ್ ಆಡಮ್ಸ್ ಕಾಲದಲ್ಲಿ ಸರಕಾರವನ್ನು ಟೀಕಿಸಿದವರನ್ನು ಜೈಲಿಗೆ ಹಾಕುವ ರಾಜದ್ರೋಹ ಕಾನೂನು ಬಂತು. ಮ್ಯಾಥ್ಯೂ ಲಯನ್ ಎಂಬ ಕಾಂಗ್ರೆಸ್ ಸದಸ್ಯನನ್ನೇ ಒಳಗೆ ಹಾಕಿದರು (ಜೈಲಿನಲ್ಲಿದ್ದೇ ಆತ ಮತ್ತೆ ಚುನಾವಣೆ ಗೆದ್ದ, ಅದು ಬೇರೆ ಮಾತು). ಆಗ ಥಾಮಸ್ ಜೆಫರ್ಸನ್ ಗುಟ್ಟಾಗಿ ಕೆಂಟಕಿಯ ನಿರ್ಣಯ ಬರೆದುಕೊಟ್ಟ, ಜೇಮ್ಸ್ ಮ್ಯಾಡಿಸನ್ ವರ್ಜೀನಿಯಾದ್ದು. ಜೆಫರ್ಸನ್ ಆಗ ದೇಶದ ಉಪಾಧ್ಯಕ್ಷ! ಉಳಿದ ಯಾವ ರಾಜ್ಯವೂ ಜತೆ ಕೊಡಲಿಲ್ಲ. ಕಾನೂನಿನ ಸರಿತಪ್ಪು ನೋಡುವುದು ಕೋರ್ಟಿನ ಕೆಲಸ ಎಂದು ಉತ್ತರದ ರಾಜ್ಯಗಳು ಬುದ್ಧಿ ಹೇಳಿದವು. ಕೊನೆಗೆ ಆ ಕಾನೂನಿನ ಕಥೆ ಮುಗಿದದ್ದು ನಿರ್ಣಯದಿಂದಲ್ಲ, 1800ರ ಚುನಾವಣೆಯಿಂದ.

ಆಮೇಲೆ ನೋಡಿ ತಮಾಷೆ. ಅದೇ ಜೆಫರ್ಸನ್ ಅಧ್ಯಕ್ಷನಾಗಿ 1807ರಲ್ಲಿ ವಿದೇಶ ವ್ಯಾಪಾರಕ್ಕೆ ನಿರ್ಬಂಧ ಹಾಕಿದ. ಹಡಗುಗಳನ್ನೇ ನಂಬಿದ್ದ ನ್ಯೂ ಇಂಗ್ಲೆಂಡಿನ ಹೊಟ್ಟೆಗೆ ಪೆಟ್ಟು ಬಿತ್ತು. ಹತ್ತು ವರ್ಷದ ಹಿಂದೆ "ಕೋರ್ಟಿಗೆ ಹೋಗಿ" ಅಂದವರೇ ಈಗ ಫೆಡರಲ್ ಕಾನೂನನ್ನು ತಡೆಯುವ ರಾಜ್ಯದ ಹಕ್ಕಿನ ಮಾತೆತ್ತಿದರು. ಅತ್ತೆಗೊಂದು ಕಾಲ, ಸೊಸೆಗೊಂದು ಕಾಲ.

ಈಗ ಬ್ಯಾಂಕಿನ ಕಥೆ. 1816ರಲ್ಲಿ ಅಮೆರಿಕದ ಕಾಂಗ್ರೆಸ್ಸು ಎರಡನೇ ಬ್ಯಾಂಕ್ ಆಫ್ ದಿ ಯುನೈಟೆಡ್ ಸ್ಟೇಟ್ಸ್ ಸ್ಥಾಪಿಸಿತು. ಅದು ಮೊದಲು ಕೈ ಬಿಚ್ಚಿ ಸಾಲ ಕೊಟ್ಟು, ಆಮೇಲೆ ಒಮ್ಮೆಲೇ ವಸೂಲಿಗೆ ನಿಂತು, ಪಶ್ಚಿಮದ ರೈತರನ್ನೂ ಸಣ್ಣ ಬ್ಯಾಂಕುಗಳನ್ನೂ ಹಣ್ಣು ಮಾಡಿತು. ಜನರ ಸಿಟ್ಟಿಗೆ ಕಾರಣ ಇತ್ತು, ಇಲ್ಲ ಅನ್ನುವುದಿಲ್ಲ. ಮೇರಿಲ್ಯಾಂಡ್ ರಾಜ್ಯ ಆ ಬ್ಯಾಂಕಿನ ಮೇಲೆ ತೆರಿಗೆ ಹಾಕಿದಾಗ ಬಾಲ್ಟಿಮೋರ್ ಶಾಖೆಯ ಕ್ಯಾಷಿಯರ್ ಮೆಕಲಕ್ ಕಟ್ಟಲಿಲ್ಲ. 1819ರ ಮಾರ್ಚಿನಲ್ಲಿ ಸುಪ್ರೀಂ ಕೋರ್ಟು ರಾಜ್ಯಕ್ಕೆ ಆ ಹಕ್ಕಿಲ್ಲ ಎಂದು ಒಮ್ಮತದಿಂದ ತೀರ್ಪು ಕೊಟ್ಟಿತು. (ದೊಡ್ಡ ದೊಡ್ಡ ಕಾನೂನು ಪುಸ್ತಕಗಳಲ್ಲಿ ಹೆಸರಿರುವ ಈ ಮೆಕಲಕ್ ಸಾಹೇಬ, ಒಳಗಿಂದೊಳಗೆ ಶಾಖೆಯ ಹಣವನ್ನೇ ನುಂಗುವ ಗುಂಪಿನಲ್ಲಿದ್ದ ಎಂಬುದು ಅದೇ ವರ್ಷ ಹೊರಬಿತ್ತು. ನಮ್ಮ ವೃತ್ತಿಯ ಮಾನ ಕಳೆಯುವವರು ಎಲ್ಲ ಕಾಲದಲ್ಲೂ ಇರುತ್ತಾರೆ.)

ಓಹಾಯೋ ರಾಜ್ಯ ತೀರ್ಪಿಗೆ ಸೊಪ್ಪು ಹಾಕಲಿಲ್ಲ. ಒಂದೊಂದು ಶಾಖೆಗೆ 50,000 ಡಾಲರ್ ತೆರಿಗೆ ಹಾಕಿತ್ತು, ಎರಡು ಶಾಖೆಗೆ ಒಂದು ಲಕ್ಷ. 1819ರ ಸೆಪ್ಟೆಂಬರಿನಲ್ಲಿ ರಾಜ್ಯದ ಆಡಿಟರ್ ಕಳಿಸಿದ ಜನ ಚಿಲಿಕಾಥಿ ಶಾಖೆಗೆ ನುಗ್ಗಿ, ವಾಲ್ಟಿನಿಂದ ಚಿನ್ನ, ಬೆಳ್ಳಿ, ನೋಟು ಎಲ್ಲ ಸೇರಿ 1,20,425 ಡಾಲರ್ ಎತ್ತಿ ಗಾಡಿಗೆ ತುಂಬಿಸಿಕೊಂಡು ಹೋದರು. ಎಣಿಸಿ ನೋಡಿದಾಗ ಜಾಸ್ತಿಯಾಯಿತೆಂದು ಇಪ್ಪತ್ತು ಸಾವಿರದಷ್ಟನ್ನು ವಾಪಸು ಕೊಟ್ಟರಂತೆ, ಅಷ್ಟರ ಮಟ್ಟಿಗೆ ಪ್ರಾಮಾಣಿಕರು! ಹಗಲುಹೊತ್ತಿನಲ್ಲಿ ಸರಕಾರಿ ಮನುಷ್ಯರೇ ಬಂದು ವಾಲ್ಟಿಗೆ ಕೈ ಹಾಕಿದಾಗ ಆ ಶಾಖೆಯ ಸಿಬ್ಬಂದಿಯ ಗತಿ ಏನು ಅಂತ ಓದುವಾಗಲೇ ನನಗೆ ಬೆವರು ಬಂತು. ಓಹಾಯೋದ ಶಾಸಕರು ಇದಕ್ಕೆ ಸಮರ್ಥನೆಯಾಗಿ ಎತ್ತಿ ಹಿಡಿದದ್ದು 1798ರ ಅದೇ ಕೆಂಟಕಿ-ವರ್ಜೀನಿಯಾ ನಿರ್ಣಯಗಳನ್ನು. 1824ರಲ್ಲಿ ಸುಪ್ರೀಂ ಕೋರ್ಟು ಹಣ ಹಿಂದಿರುಗಿಸಿ ಎಂದಿತು.

1832ರ ದಕ್ಷಿಣ ಕೆರೊಲಿನಾದ ಪ್ರಕರಣ ಎಲ್ಲರೂ ಬಲ್ಲದ್ದು. ಆಮದು ಸುಂಕ ಜಾಸ್ತಿಯಾಯಿತೆಂದು, 1833ರ ಫೆಬ್ರವರಿ 1ರಿಂದ ಸುಂಕದ ಕಾನೂನು ನಮ್ಮಲ್ಲಿ ನಡೆಯುವುದಿಲ್ಲ ಎಂದು ಆ ರಾಜ್ಯ ಸಾರಿತು. ಜಾನ್ ಕ್ಯಾಲ್‌ಹೂನ್ ಅದರ ಮೆದುಳು. ಅಧ್ಯಕ್ಷ ಆಂಡ್ರ್ಯೂ ಜಾಕ್ಸನ್ ಸ್ವತಃ ದಕ್ಷಿಣದವನು, ಗುಲಾಮರನ್ನು ಇಟ್ಟುಕೊಂಡವನು, ಆದರೂ ಸೈನ್ಯ ಕಳಿಸುವ ಅಧಿಕಾರ ಕೇಳಿ ಪಡೆದ. ಬೇರೆ ಯಾವ ರಾಜ್ಯವೂ ಕೆರೊಲಿನಾದ ಬೆನ್ನಿಗೆ ನಿಲ್ಲಲಿಲ್ಲ. ಸುಂಕ ಇಳಿಸುವ ರಾಜಿಯಾಗಿ ಪ್ರಕರಣ ಮುಗಿಯಿತು. ಮುದುಕ ಮ್ಯಾಡಿಸನ್ ಇನ್ನೂ ಬದುಕಿದ್ದ. ನಾನು 1798ರಲ್ಲಿ ಹೇಳಿದ್ದು ಇದನ್ನಲ್ಲ ಎಂದು ತಲೆ ಚಚ್ಚಿಕೊಂಡ.

ಇಷ್ಟರವರೆಗೆ ನೀವು "ಪಾಪ, ಚಿಕ್ಕ ರಾಜ್ಯ, ದೊಡ್ಡ ಕೇಂದ್ರ" ಅನ್ನಬಹುದು. ಮುಂದಿನದು ಕೇಳಿ. 1850ರಲ್ಲಿ ದಕ್ಷಿಣದವರ ಒತ್ತಾಯಕ್ಕೆ ಕಾಂಗ್ರೆಸ್ಸು ಹೊಸ ಪಲಾಯಿತ ಗುಲಾಮರ ಕಾನೂನು ಮಾಡಿತು. ಓಡಿಹೋದ ಗುಲಾಮ ಯಾವ ರಾಜ್ಯದಲ್ಲಿ ಸಿಕ್ಕಿದರೂ ಹಿಡಿದು ಕೊಡಬೇಕು, ಜನಸಾಮಾನ್ಯರೂ ಸಹಾಯ ಮಾಡಬೇಕು, ಅವನ ಪರವಾಗಿ ಜ್ಯೂರಿಯ ವಿಚಾರಣೆಯೂ ಇಲ್ಲ. ಕೇಂದ್ರದ ಕೈ ಇಷ್ಟು ಉದ್ದ ಅದಕ್ಕೆ ಮೊದಲು ಚಾಚಿದ್ದು ಕಡಿಮೆ. 1854ರಲ್ಲಿ ವಿಸ್ಕಾನ್ಸಿನ್‌ನ ಮಿಲ್ವಾಕಿಯಲ್ಲಿ ಜನ ಜೈಲಿನ ಬಾಗಿಲು ಒಡೆದು ಜೋಶುವಾ ಗ್ಲೋವರ್ ಎಂಬ ಗುಲಾಮನನ್ನು ಬಿಡಿಸಿದರು. ಆ ರಾಜ್ಯದ ಹೈಕೋರ್ಟೇ ಫೆಡರಲ್ ಕಾನೂನು ಸಂವಿಧಾನಬಾಹಿರ ಎಂದಿತು. 1859ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟು ಅದನ್ನು ತಳ್ಳಿ ಹಾಕಿತು.

ಆಗ ದಕ್ಷಿಣ ಕೆರೊಲಿನಾ ಏನಂದಿರಬಹುದು? "ಭೇಷ್ ವಿಸ್ಕಾನ್ಸಿನ್, ರಾಜ್ಯದ ಹಕ್ಕು ಅಂದರೆ ಹೀಗೆ" ಅಂದಿತೇ? 1860ರ ಡಿಸೆಂಬರಿನಲ್ಲಿ ಒಕ್ಕೂಟ ಬಿಟ್ಟು ಹೋಗುವಾಗ ಅದು ಕಾರಣಗಳನ್ನು ಬರೆದು ಪ್ರಕಟಿಸಿತು. ಅದರ ದೊಡ್ಡ ದೂರು ಏನು ಗೊತ್ತೇ? ಉತ್ತರದ ರಾಜ್ಯಗಳು ಗುಲಾಮರ ಬಗೆಗಿನ ಫೆಡರಲ್ ಕಾನೂನನ್ನು ನಿರರ್ಥಕ ಮಾಡುತ್ತಿವೆ ಎಂಬುದು! ರಾಜ್ಯಗಳ ಹೆಸರುಗಳನ್ನೇ ಪಟ್ಟಿ ಮಾಡಿದೆ, ವಿಸ್ಕಾನ್ಸಿನ್ ಕೂಡ ಅದರಲ್ಲಿದೆ. ಇಪ್ಪತ್ತೆಂಟು ವರ್ಷದ ಹಿಂದೆ ತಾನು ಮಾಡಿದ್ದನ್ನೇ ಬೇರೆಯವರು ಮಾಡಿದಾಗ ಅದು ದೇಶ ಬಿಡುವಷ್ಟು ದೊಡ್ಡ ಅಪರಾಧ. ಈ ಒಂದು ಕಾಗದ ಓದಿದ ಮೇಲೂ ಇದನ್ನು ತತ್ವ ಅನ್ನುವವರಿಗೆ ನಾನೇನು ಹೇಳಲಿ?

ಅಂತರ್ಯುದ್ಧದ ನಂತರವೂ ಈ ವಾದ ಸಾಯಲಿಲ್ಲ. 1954ರಲ್ಲಿ ಸುಪ್ರೀಂ ಕೋರ್ಟು ಬಿಳಿಯರಿಗೂ ಕಪ್ಪು ಜನರಿಗೂ ಬೇರೆ ಬೇರೆ ಸರಕಾರಿ ಶಾಲೆ ಕೂಡದು ಎಂದಾಗ, ಅಲಬಾಮಾ, ವರ್ಜೀನಿಯಾ ಮುಂತಾದ ರಾಜ್ಯಗಳು 1956ರಲ್ಲಿ ಮತ್ತೆ ಹಳೆಯ ಕಡತ ಬಿಚ್ಚಿದವು. ಲಿಟಲ್ ರಾಕ್‌ನಲ್ಲಿ ಒಂಬತ್ತು ಮಕ್ಕಳನ್ನು ಶಾಲೆಯೊಳಗೆ ಬಿಡಲು 1957ರಲ್ಲಿ ಅಧ್ಯಕ್ಷ ಐಸೆನ್‌ಹೋವರ್ ಸೈನ್ಯ ಕಳಿಸಬೇಕಾಯಿತು. ಇನ್ನು ವರ್ಜೀನಿಯಾದ ಪ್ರಿನ್ಸ್ ಎಡ್ವರ್ಡ್ ಕೌಂಟಿಯವರು, ಎಲ್ಲರನ್ನೂ ಒಟ್ಟಿಗೆ ಕೂರಿಸುವ ಬದಲು 1959ರಲ್ಲಿ ಸರಕಾರಿ ಶಾಲೆಗಳಿಗೇ ಬೀಗ ಹಾಕಿದರು. ಬಿಳಿಯ ಮಕ್ಕಳಿಗೆ ಖಾಸಗಿ ಶಾಲೆ ಎದ್ದು ನಿಂತಿತು. ಕಪ್ಪು ಮಕ್ಕಳಲ್ಲಿ ಕೆಲವರನ್ನು ಹೆತ್ತವರು ದೂರದ ನೆಂಟರ ಮನೆಗೆ ಕಳಿಸಿದರು, ಉಳಿದವರು ಮನೆಯಲ್ಲಿ ಕುಳಿತರು. ಸರಕಾರಿ ಶಾಲೆಯ ಬೀಗ ತೆಗೆದದ್ದು 1964ರಲ್ಲಿ, ಅದೂ ಸುಪ್ರೀಂ ಕೋರ್ಟಿನ ಆದೇಶದ ಮೇಲೆ. ಐದು ವರ್ಷ! ಒಂದನೇ ಕ್ಲಾಸಿಗೆ ಹೋಗಬೇಕಾದ ಮಗು ಐದನೇ ಕ್ಲಾಸು ಮುಗಿಸುವಷ್ಟು ಕಾಲ. ಆ ಮಕ್ಕಳೂ ವರ್ಜೀನಿಯಾದವರೇ ಅಲ್ಲವೇ? ರಾಜ್ಯದ ಹಕ್ಕು ಎಂದು ಕೂಗಿದಾಗ ಅವರನ್ನು ರಾಜ್ಯದ ಲೆಕ್ಕಕ್ಕೆ ಹಿಡಿದಿದ್ದರೇ?

ಹಾಗಾದರೆ ನ್ಯೂಜೆರ್ಸಿಯ ಅಳಿಯ ಹೇಳುವುದು ಪೂರ್ತಿ ಸುಳ್ಳೇ? ಅಲ್ಲ, ಅಲ್ಲೊಂದು ವ್ಯತ್ಯಾಸ ಉಂಟು. ಫೆಡರಲ್ ಕಾನೂನು ಜಾರಿ ಮಾಡಲು ನಮ್ಮ ಪೊಲೀಸರನ್ನು ಕೊಡುವುದಿಲ್ಲ ಎಂದು ಅಲ್ಲಿಯ ರಾಜ್ಯ ಹೇಳಬಹುದು. ಬಂದೂಕು ಕೊಳ್ಳುವವರ ತಪಾಸಣೆಯನ್ನು ಸ್ಥಳೀಯ ಪೊಲೀಸರ ತಲೆಗೆ ಕಟ್ಟುವಂತಿಲ್ಲ ಎಂದು 1997ರಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ. ಬಂದೂಕಿನವರಿಗೆ ಖುಷಿ ಕೊಟ್ಟ ಅದೇ ತೀರ್ಪನ್ನು ಈಗ ವಲಸಿಗರನ್ನು ಹಿಡಿದುಕೊಡಲು ಒಪ್ಪದ ನಗರಗಳು ಬಳಸುತ್ತವೆ. ಆದರೆ "ನಾನು ಕೈ ಜೋಡಿಸುವುದಿಲ್ಲ" ಬೇರೆ, "ಕಾನೂನೇ ಇಲ್ಲ" ಬೇರೆ. ಕೊಲೊರಾಡೊ 2012ರಲ್ಲಿ ಗಾಂಜಾವನ್ನು ಸಕ್ರಮ ಮಾಡಿದಾಗ ಫೆಡರಲ್ ನಿಷೇಧ ಹಾಗೆಯೇ ಉಳಿಯಿತು. ಪರಿಣಾಮ? ಅಂಗಡಿಗೆ ರಾಜ್ಯದ ಲೈಸೆನ್ಸ್ ಇದೆ, ಬ್ಯಾಂಕಿನಲ್ಲಿ ಅಕೌಂಟ್ ಇಲ್ಲ. ಫೆಡರಲ್ ಕಾನೂನಿಗೆ ಹೆದರಿ ಹೆಚ್ಚಿನ ಬ್ಯಾಂಕುಗಳು ಬಾಗಿಲು ಹಾಕಿದವು, ವ್ಯಾಪಾರಿಗಳು ತೆರಿಗೆಯನ್ನೂ ನೋಟಿನ ಕಂತೆಗಳಲ್ಲೇ ಹೊತ್ತು ಕಟ್ಟಿದರು. ಮಿಸ್ಸೂರಿ 2021ರಲ್ಲಿ ಒಂದು ಹೆಜ್ಜೆ ಮುಂದೆ ಹೋಗಿ ಕೆಲವು ಫೆಡರಲ್ ಬಂದೂಕು ಕಾನೂನುಗಳು ಅಸಿಂಧು ಎಂದೇ ಬರೆಯಿತು. 2023ರಲ್ಲಿ ಫೆಡರಲ್ ಕೋರ್ಟು ಅದನ್ನು ಹೊಡೆದು ಹಾಕಿತು, 2024ರಲ್ಲಿ ಅಪೀಲಿನಲ್ಲೂ ಅದೇ ಆಯಿತು.

ಅಮೆರಿಕ ನಮಗೇಕೆ ಅನ್ನುವವರಿಗೆ ಎರಡು ಮಾತು. ರಾಜ್ಯ ಬಿಟ್ಟು ರಾಜ್ಯಕ್ಕೆ ಬಂದು ಬದುಕು ಕಟ್ಟಿದವರು ನಾವು. 1960ರ ದಶಕದ ಕೊನೆಗೆ ಈ ಊರಿನಲ್ಲಿ ಉಡುಪಿ ಹೋಟೆಲುಗಳ ಮೇಲೆ ಕಲ್ಲು ಬಿದ್ದದ್ದನ್ನು ಹಿರಿಯರಿಂದ ಕೇಳಿದ್ದೇವೆ. ಇಲ್ಲಿ ವಾಸಿಸುವ, ದುಡಿಯುವ ಹಕ್ಕನ್ನು ನಮಗೆ ಕೊಟ್ಟದ್ದು ಯಾವ ವಿಧಾನಸಭೆಯ ಔದಾರ್ಯವೂ ಅಲ್ಲ, ಇಡೀ ದೇಶಕ್ಕೆ ಒಂದೇ ಆಗಿರುವ ಸಂವಿಧಾನ. ಬೇಡದ್ದನ್ನು ತಿರಸ್ಕರಿಸುವ ಅಧಿಕಾರ ರಾಜ್ಯಗಳಿಗೆ ಬಂದರೆ ಮೊದಲು ಬೇಡವಾಗುವವರು ಯಾರು ಅಂತ ನಾವು ಯೋಚಿಸಬೇಡವೇ?

ನಮ್ಮ ಕರ್ನಾಟಕವೂ ಇದನ್ನು ಪ್ರಯತ್ನಿಸಿ ನೋಡಿದೆ. 1991ರ ಜೂನಿನಲ್ಲಿ ಕಾವೇರಿ ನ್ಯಾಯಮಂಡಳಿ ಮಧ್ಯಂತರ ಆದೇಶ ಕೊಟ್ಟಾಗ, ಜುಲೈಯಲ್ಲಿ ರಾಜ್ಯ ಸುಗ್ರೀವಾಜ್ಞೆ ಹೊರಡಿಸಿ ಅದನ್ನು ಮೀರಲು ಹೊರಟಿತು. ಆ ಆದೇಶದಲ್ಲಿ ನಮಗೆ ಅನ್ಯಾಯ ಇತ್ತೆಂದೇ ನಾನೂ ನಂಬುತ್ತೇನೆ. ಆದರೂ ನವೆಂಬರಿನಲ್ಲಿ ಸುಪ್ರೀಂ ಕೋರ್ಟು, ತನ್ನ ವ್ಯಾಜ್ಯಕ್ಕೆ ತಾನೇ ನ್ಯಾಯಾಧೀಶನಾಗಲು ಆಗದು ಎಂದು ಸುಗ್ರೀವಾಜ್ಞೆಯನ್ನು ಅಸಿಂಧುಗೊಳಿಸಿತು. ಡಿಸೆಂಬರಿನಲ್ಲಿ ಬೆಂಗಳೂರಿನಲ್ಲಿ ಏಟು ತಿಂದವರು ಯಾರು? ನದಿಗೂ ತೀರ್ಪಿಗೂ ಸಂಬಂಧವಿಲ್ಲದ ತಮಿಳು ಕೂಲಿಗಳು, ಅಂಗಡಿಯವರು. ಅಲ್ಲಿ ಅವರು, ಇಲ್ಲಿ ನಾವು.

ರಾಜ್ಯಕ್ಕೆ ಬೇರೆ ದಾರಿ ಇಲ್ಲವೇ ಅಂದರೆ, ನಮ್ಮ ಕಂಬಳವನ್ನೇ ನೋಡಿ. 1960ರ ಪ್ರಾಣಿಹಿಂಸೆ ತಡೆ ಕಾನೂನು ಕೇಂದ್ರದ್ದು. 2014ರ ಜಲ್ಲಿಕಟ್ಟು ತೀರ್ಪಿನ ನಂತರ ಕಂಬಳಕ್ಕೂ ತಡೆ ಬಂತು, ಕೋಣಗಳು ಹಟ್ಟಿಯಲ್ಲೇ ಉಳಿದವು. ರಾಜ್ಯ ಆ ಕಾನೂನು ನಮ್ಮಲ್ಲಿ ನಡೆಯದು ಅನ್ನಲಿಲ್ಲ. ಸಂವಿಧಾನದ 254ನೇ ವಿಧಿಯಲ್ಲಿ ಇರುವ ದಾರಿ ಹಿಡಿದು 2017ರಲ್ಲಿ ತಿದ್ದುಪಡಿ ಮಾಡಿ, ರಾಷ್ಟ್ರಪತಿಗಳ ಅಂಕಿತ ಪಡೆದು, ಮತ್ತೆ ಕೋರ್ಟಿನಲ್ಲಿ ವಾದಿಸಿತು. 2023ರ ಮೇ ತಿಂಗಳಲ್ಲಿ ಐದು ನ್ಯಾಯಮೂರ್ತಿಗಳ ಪೀಠ ಆ ತಿದ್ದುಪಡಿಯನ್ನು ಎತ್ತಿ ಹಿಡಿಯಿತು. ಅದೇ ವರ್ಷದ ನವೆಂಬರಿನಲ್ಲಿ ಕೋಣಗಳು ಬೆಂಗಳೂರಿನ ಅರಮನೆ ಮೈದಾನದಲ್ಲೂ ಓಡಿದವು.